ಹನ್ನೊಂದು ನಿಮಿಷದ ರೀಲು, ಮೂವತ್ತೇಳು ವರ್ಷದ ಸಂಸಾರ

1980ರಲ್ಲಿ ಪ್ರಾಗ್ ನಗರದ ಆರು ಜೋಡಿಗಳ ಮದುವೆಗೆ ಒಂದು ಸಿನಿಮಾ ಕ್ಯಾಮೆರಾ ಹೋಯಿತು. ಮದುವೆ ಮನೆಯವರು ಗೊತ್ತು ಮಾಡಿದ ಕ್ಯಾಮೆರಾ ಅಲ್ಲ. ಕ್ರಾಟ್ಕೀ ಫಿಲ್ಮ್ ಎಂಬ ಸರ್ಕಾರಿ ಕಿರುಚಿತ್ರ ಸಂಸ್ಥೆಯಲ್ಲಿ ಕೆಲಸ ಮಾಡುತ್ತಿದ್ದ ಹೆಲೆನಾ ತ್ರೆಶ್ಟೀಕೊವಾ ಅವರದು. ಆಗ ಅವರಿಗೆ ಮೂವತ್ತೊಂದು ವರ್ಷ. ಮದುವೆಯ ದಿನ ನಗುತ್ತಾ ರುಜು ಹಾಕುವ ಈ ಹುಡುಗ ಹುಡುಗಿಯರ ಸಂಸಾರ ಮುಂದೆ ಹೇಗೆ ನಡೆಯುತ್ತದೆ ಎಂಬುದಷ್ಟೇ ಅವರ ಕುತೂಹಲ. ಆರು ವರ್ಷ ಆ ಮನೆಗಳಿಗೆ ಹೋಗಿ ಬಂದು ಚಿತ್ರೀಕರಣ ಮಾಡಿದರು. 1987ರಲ್ಲಿ ಅದು ಟೀವಿ ಸರಣಿಯಾಗಿ ಬಂತು. ಹೆಸರು ‘ಮಾನ್‌ಜೆಲ್ಸ್ಕೆ ಎಟುದಿ’, ಅಂದರೆ ದಾಂಪತ್ಯದ ಎಟ್ಯೂಡ್‌ಗಳು. ಪಾಶ್ಚಾತ್ಯ ಸಂಗೀತ ಕಲಿಯುವವರು ಬೆರಳು ಪಳಗಲಿ ಎಂದು ನುಡಿಸುವ ಪಾಠಕ್ಕೆ ಎಟ್ಯೂಡ್ ಅನ್ನುತ್ತಾರೆ. ನಮ್ಮ ಸರಳೆ ವರಸೆ, ಜಂಟಿ ವರಸೆ ಇದ್ದ ಹಾಗೆ. ಸಂಸಾರವನ್ನು ಹಾಗೆ ನೋಡಿದ ಹೆಸರು ಅದು.

ಆ ಕಾಲದ ಚೆಕೊಸ್ಲೊವಾಕಿಯದಲ್ಲಿ ಮದುವೆ ಬರೀ ಇಬ್ಬರ ಮನಸ್ಸಿನ ವಿಷಯವಾಗಿರಲಿಲ್ಲ. ಸ್ವಂತ ಸೂರು ಸಿಗುವ ದಾರಿಯೂ ಅದೇ. ಫ್ಲ್ಯಾಟ್‌ಗೆ ಅರ್ಜಿ ಹಾಕಿ ವರ್ಷಗಟ್ಟಲೆ ಕಾಯಬೇಕಿತ್ತು, ಮದುವೆಯಾಗಿ ಮಗುವಾದವರಿಗೆ ಸರತಿಯಲ್ಲಿ ಸ್ವಲ್ಪ ಮುಂದಿನ ಜಾಗ. 1973ರಿಂದ ನವದಂಪತಿಗಳಿಗೆ ಕಡಿಮೆ ಬಡ್ಡಿಗೆ 30,000 ಕೊರುನಾವರೆಗೆ ಸಾಲ ಸಿಗುತ್ತಿತ್ತು, ಮಗು ಹುಟ್ಟಿದರೆ ಅದರಲ್ಲಿ ಒಂದು ಭಾಗ ಮನ್ನಾ. ಹೀಗಾಗಿ ಇಪ್ಪತ್ತು ಇಪ್ಪತ್ತೆರಡಕ್ಕೆ ಮದುವೆ, ಮರುವರ್ಷ ಮಗು, ಅಲ್ಲಿಯವರೆಗೆ ಅತ್ತೆ ಮಾವನ ಮನೆಯ ಒಂದು ಕೋಣೆಯಲ್ಲಿ ಬಿಡಾರ. ಇದನ್ನು ಟೀಕೆ ಮಾಡಿ ಸಿನಿಮಾದಲ್ಲಿ ಹೇಳುವಂತಿರಲಿಲ್ಲ. ಆದರೆ ತೊಟ್ಟಿಲು, ಸೋಫಾ, ಒಣಗಲು ಹಾಕಿದ ಬಟ್ಟೆ, ಓದುವ ಮೇಜು ಎಲ್ಲ ಒಂದೇ ಚೌಕಟ್ಟಿನಲ್ಲಿ ಕಂಡರೆ ಸೆನ್ಸಾರ್‌ನವರು ಕತ್ತರಿಸಬೇಕಾದ ಮಾತಾದರೂ ಯಾವುದು? ಸಂಸಾರದ ಚಿತ್ರ ಎಂದರೆ ಅಧಿಕಾರಿಗಳಿಗೆ ಅಪಾಯದ ವಾಸನೆ ಬರುತ್ತಿರಲಿಲ್ಲ. ಅಡುಗೆಮನೆಯ ಬಾಗಿಲಿನಿಂದ ಒಳಗೆ ಹೋದರೆ ಇಡೀ ವ್ಯವಸ್ಥೆ ಕಾಣುತ್ತದೆ ಎಂಬುದು ಅವರಿಗೆ ಹೊಳೆದಿರಲಿಕ್ಕಿಲ್ಲ.

1989ರ ನವೆಂಬರ್ 17ರಂದು ವಿದ್ಯಾರ್ಥಿಗಳ ಮೆರವಣಿಗೆ ಹೊರಟಿತು. ಆರು ವಾರದಲ್ಲಿ ಕಮ್ಯುನಿಸ್ಟ್ ಆಡಳಿತ ಹೋಗಿ ವಾಟ್ಸ್ಲಾವ್ ಹಾವೆಲ್ ಅಧ್ಯಕ್ಷರಾದರು. ಜಗತ್ತಿನ ಕ್ಯಾಮೆರಾಗಳೆಲ್ಲ ಪ್ರಾಗ್‌ಗೆ ಬಂದವು. ಎಲ್ಲರ ಬಳಿ ಒಂದೇ ಚಿತ್ರ: ಚೌಕ, ಜನಸಾಗರ, ಕೈಯಲ್ಲಿ ಬೀಗದ ಕೈ ಗೊಂಚಲು ಅಲ್ಲಾಡಿಸುವ ಸಾವಿರಾರು ಮಂದಿ. ತ್ರೆಶ್ಟೀಕೊವಾ ಅವರ ಡಬ್ಬಿಗಳಲ್ಲಿ ಇದ್ದದ್ದು ಬೇರೆ. ಆ ಚೌಕಕ್ಕೆ ಬಂದು ಹೋದಂಥವರು ಅದಕ್ಕೆ ಒಂಬತ್ತು ವರ್ಷ ಮೊದಲು ಯಾವ ಕೋಣೆಯಲ್ಲಿ ಮಲಗುತ್ತಿದ್ದರು, ಯಾವುದಕ್ಕೆ ಜಗಳ ಆಡುತ್ತಿದ್ದರು, ಏನು ಬೇಕು ಅಂದುಕೊಂಡಿದ್ದರು ಎಂಬುದು. ಅದನ್ನು 1989ರಲ್ಲಿ ಹೋಗಿ ಚಿತ್ರಿಸಲು ಯಾರಿಂದಲೂ ಆಗುತ್ತಿರಲಿಲ್ಲ. ‘ಮೊದಲು’ ಎಂಬುದನ್ನು ಮೊದಲೇ ಚಿತ್ರಿಸಿ ಇಟ್ಟಿರಬೇಕು, ಆಮೇಲೆ ಅದು ಯಾವ ಬೆಲೆಗೂ ಸಿಗುವುದಿಲ್ಲ.

ಸಾಮಾಜಿಕ ಸಮಸ್ಯೆಗಳ ಸಾಕ್ಷ್ಯಚಿತ್ರ ಮಾಡುವವರು ಸಾಮಾನ್ಯವಾಗಿ ಸಮಸ್ಯೆ ಎದ್ದು ಕಂಡ ಮೇಲೆ ಹೊರಡುತ್ತಾರೆ. ಈ ನಿರ್ದೇಶಕಿ ಮನುಷ್ಯರಿಂದ ಹೊರಟರು, ಸಮಸ್ಯೆ ತಾನಾಗಿ ಅವರ ಮನೆಬಾಗಿಲಿಗೆ ಬರುವವರೆಗೆ ಕಾದರು. ಕಾಯುವುದು ಎಂದರೆ ಸುಮ್ಮನೆ ಕೂರುವುದಲ್ಲ. ಅದರಲ್ಲಿ ಲೆಕ್ಕವಿದೆ, ಶಿಸ್ತಿದೆ, ದುಡ್ಡಿನ ಗೊಂದಲವಿದೆ, ಕೆಡುವ ದಾರಿಗಳು ಬೇಕಾದಷ್ಟಿವೆ. ಈ ಬರಹ ಆ ಕಾಯುವ ಕಸುಬಿನ ಬಗ್ಗೆ.

ಚೆಕ್ ಭಾಷೆಯಲ್ಲಿ ಈ ಬಗೆಯ ಚಿತ್ರಕ್ಕೆ ‘ಚಾಸೊಸ್ಬೇರ್’ ಎಂಬ ಒಳ್ಳೆಯ ಪದವಿದೆ. ಚಾಸ್ ಎಂದರೆ ಕಾಲ, ಸ್ಬೇರ್ ಎಂದರೆ ಆಯ್ದು ಕೂಡಿಸುವುದು. ಕಾಡಿನ ಹಣ್ಣು ಆಯುವುದಕ್ಕೂ, ಶಾಲೆಯ ಮಕ್ಕಳು ಮನೆಮನೆಯಿಂದ ಹಳೆ ಪೇಪರ್ ಕೂಡಿಸುವುದಕ್ಕೂ ಅಲ್ಲಿ ಅದೇ ಮಾತು. ಕಾಲವನ್ನು ರದ್ದಿಯ ಹಾಗೆ ಕೂಡಿಸಿ ಇಡುವುದು. ಬೆಲೆ ಏನೆಂದು ಕೂಡಿಸುವಾಗ ಗೊತ್ತಿರುವುದಿಲ್ಲ.

ಶುರುವಾದ ಕಾಲದ ಸಾಮಗ್ರಿಯ ಮಿತಿಯನ್ನು ನೋಡಿದರೆ ಶೈಲಿ ಎಲ್ಲಿಂದ ಬಂತೆಂದು ತಿಳಿಯುತ್ತದೆ. 16 ಮಿಲಿಮೀಟರ್ ಫಿಲ್ಮಿನ ದೊಡ್ಡ ರೀಲು 400 ಅಡಿ, ಸುಮಾರು 122 ಮೀಟರ್. ಒಂದು ಅಡಿಗೆ 40 ಫ್ರೇಮು. ಸೆಕೆಂಡಿಗೆ 24 ಫ್ರೇಮಿನಂತೆ ಓಡಿಸಿದರೆ ಹನ್ನೊಂದು ನಿಮಿಷ, ಯುರೋಪಿನ ಟೀವಿಯ 25 ಫ್ರೇಮಿಗಾದರೆ ಹತ್ತು ನಿಮಿಷ ನಲವತ್ತು ಸೆಕೆಂಡು. ಆಮೇಲೆ ಕ್ಯಾಮೆರಾ ಸಹಾಯಕ ಬೆಳಕು ನುಗ್ಗದ ಕರಿ ಚೀಲದೊಳಗೆ ಎರಡು ಕೈ ತೂರಿಸಿ, ಕಣ್ಣಿಗೆ ಕಾಣದೆ ಬೆರಳಿನ ಅಂದಾಜಿನಲ್ಲೇ ಹೊಸ ರೀಲು ಹಾಕಬೇಕು. ದನಿ ಬೇರೆ ಯಂತ್ರದಲ್ಲಿ, ಕಾಲಿಂಚಿನ ಟೇಪಿನ ಮೇಲೆ. ಎರಡನ್ನೂ ಕೂಡಿಸಲು ಕ್ಲ್ಯಾಪ್, ಅಂದರೆ ಕ್ಯಾಮೆರಾ ಎದುರು ಸದ್ದಾಗುವಂತೆ ತಟ್ಟುವ ಹಲಗೆ. ಅಂದರೆ ಒಂದು ಚಿಕ್ಕ ಕೋಣೆಯಲ್ಲಿ ಗಂಡ ಹೆಂಡತಿ ಮಗುವಿನ ಜೊತೆ ನಿರ್ದೇಶಕಿ, ಛಾಯಾಗ್ರಾಹಕ, ಸಹಾಯಕ, ಸೌಂಡ್ ರೆಕಾರ್ಡಿಸ್ಟ್, ಒಂದೆರಡು ದೀಪ. ಇಂಥಲ್ಲಿ ಮನೆಯವರು ಕ್ಯಾಮೆರಾ ಮರೆಯುತ್ತಾರೆ ಎಂದು ಕಾಯುವುದು ಹುಚ್ಚು. ಅದಕ್ಕೇ ಅವರು ಮರೆಸಲು ಹೋಗಲಿಲ್ಲ. ಎದುರು ಕೂತು ನೇರವಾಗಿ ಪ್ರಶ್ನೆ ಕೇಳಿದರು. ಅವರ ಚಿತ್ರಗಳಲ್ಲಿ ಕ್ಯಾಮೆರಾದ ಹಿಂದಿನಿಂದ ಒಂದು ಹೆಣ್ಣು ದನಿ ಮತ್ತೆ ಮತ್ತೆ ಬರುತ್ತದೆ. ವರ್ಷ ಕಳೆದಂತೆ ಆ ದನಿಗೂ ವಯಸ್ಸಾಗುತ್ತದೆ. ಕೇಳುವವರೂ ಕಾಲದೊಳಗೇ ಇದ್ದಾರೆ ಎಂದು ನೋಡುವವರಿಗೆ ಹೀಗೆ ಗೊತ್ತಾಗುತ್ತದೆ.

ರೀಲು ಕಡಿಮೆ ಇದ್ದಾಗ ಪ್ರಶ್ನೆಗಳು ಮೊದಲೇ ಗಟ್ಟಿಯಾಗಿರಬೇಕು. ಪ್ರತಿ ಭೇಟಿಯಲ್ಲೂ ಒಂದೇ ನಾಲ್ಕೈದು ಪ್ರಶ್ನೆ ಕೇಳುವುದು ಈ ಕಸುಬಿನ ಬೆನ್ನೆಲುಬು. ಹೋದ ಸಲದಿಂದ ಏನೇನಾಯಿತು, ಎಲ್ಲಿ ಇದ್ದೀರಿ, ದುಡ್ಡು ಎಲ್ಲಿಂದ ಬರುತ್ತಿದೆ, ರಾತ್ರಿ ಯಾವುದರ ಚಿಂತೆ, ಮುಂದಿನ ವರ್ಷ ಈ ಹೊತ್ತಿಗೆ ಎಲ್ಲಿರುತ್ತೀರಿ. ಕೊನೆಯದಕ್ಕೆ ಸಿಗುವ ಉತ್ತರವೇ ಎಲ್ಲಕ್ಕಿಂತ ಬೆಲೆಬಾಳುವುದು. ಹೇಳಿದ ದಿನ ಅದು ಸಾದಾ ಮಾತು. ಮೂರು ವರ್ಷದ ಮೇಲೆ ಎಡಿಟಿಂಗ್ ಮೇಜಿನಲ್ಲಿ ಅದರ ಪಕ್ಕಕ್ಕೆ ನಿಜವಾಗಿ ನಡೆದದ್ದನ್ನು ಇಟ್ಟಾಗ ಯಾವ ವಿವರಣೆಯೂ ಬೇಕಾಗುವುದಿಲ್ಲ. ‘ಈ ಸಲ ಬಿಟ್ಟೇ ಬಿಡ್ತೀನಿ’ ಎಂದವಳು, ಕಟ್ ಆದ ಮೇಲೆ, ಅದೇ ಬೀದಿಯಲ್ಲಿ ನಿಂತಿರುತ್ತಾಳೆ.

ಪ್ರಶ್ನೆಗಳಲ್ಲಿ ಅಂಕಿ ಇರಲಿ. ಕಮ್ಯುನಿಸಂನಿಂದ ಹೊರಬಂದ ಸಮಾಜದ ಮಟ್ಟಿಗೆ ಇದು ಇನ್ನೂ ನಿಜ. 1991ರ ಜನವರಿ 1ರಂದು ಚೆಕೊಸ್ಲೊವಾಕಿಯದಲ್ಲಿ ಬಹುಪಾಲು ಬೆಲೆಗಳ ಮೇಲಿನ ಹಿಡಿತ ಸಡಿಲಿಸಿದರು, ಆ ಒಂದೇ ವರ್ಷ ಬೆಲೆ ಏರಿಕೆ ಶೇ. 50 ದಾಟಿತು. 1992ರಲ್ಲಿ ಸಾಮಾನ್ಯರೂ 1,035 ಕೊರುನಾ ಕೊಟ್ಟು ಕೂಪನ್ ಪುಸ್ತಕ ಕೊಂಡು ಸರ್ಕಾರಿ ಕಾರ್ಖಾನೆಗಳ ಷೇರಿಗೆ ಅರ್ಜಿ ಹಾಕಿದರು. 1993ರ ಜನವರಿ 1ಕ್ಕೆ ದೇಶವೇ ಎರಡಾಯಿತು. ಮನೆ ಬಾಡಿಗೆಯ ನಿಯಂತ್ರಣ ಮಾತ್ರ ನಿಧಾನಕ್ಕೆ ಕರಗಿ 2010ರ ದಶಕದವರೆಗೂ ಎಳೆಯಿತು. ಇಷ್ಟನ್ನು ನಿರೂಪಣೆಯ ದನಿಯಲ್ಲಿ ಓದಿಸಿದರೆ ಪಾಠ ಪುಸ್ತಕವಾಗುತ್ತದೆ. ‘ಬಾಡಿಗೆ ಎಷ್ಟು? ಸಂಬಳ ಎಷ್ಟು?’ ಎಂದು ಪ್ರತಿ ವರ್ಷ ಒಂದೇ ಹೆಂಗಸನ್ನು ಒಂದೇ ಅಡುಗೆಮನೆಯಲ್ಲಿ ಕೇಳಿದರೆ ಇಡೀ ಆರ್ಥಿಕ ಚರಿತ್ರೆ ಅವಳ ಬಾಯಲ್ಲೇ ಬರುತ್ತದೆ. ಸಂಕೋಚದಿಂದ ಈ ಪ್ರಶ್ನೆ ಬಿಡುವವರು ಹೆಚ್ಚು. ಹತ್ತು ವರ್ಷದ ಮೇಲೆ ಆ ಅಂಕಿ ಎಲ್ಲೂ ಸಿಗುವುದಿಲ್ಲ, ಹೇಳಿದವರಿಗೇ ನೆನಪಿರುವುದಿಲ್ಲ.

ಎಷ್ಟು ದಿನಕ್ಕೊಮ್ಮೆ ಹೋಗಬೇಕು? ಬ್ರಿಟನ್ನಿನ ಪ್ರಸಿದ್ಧ ಟೀವಿ ಸರಣಿಯೊಂದು 1964ರಿಂದ ಏಳು ವರ್ಷಕ್ಕೊಮ್ಮೆ ಅದೇ ಜನರ ಮನೆಗೆ ಹೋಯಿತು. ಪೂರ್ವ ಜರ್ಮನಿಯಲ್ಲಿ ವಿನ್‌ಫ್ರೀಡ್ ಯುಂಗೆ, ಆಮೇಲೆ ಜೊತೆಗೂಡಿದ ಅವರ ಪತ್ನಿ ಬಾರ್ಬರಾ, ಗೋಲ್ಜೋ ಎಂಬ ಹಳ್ಳಿಯ ಮಕ್ಕಳನ್ನು 1961ರ ಶಾಲೆಯ ಮೊದಲ ದಿನದಿಂದ ಹಿಡಿದು 2007ರವರೆಗೆ ಹಿಂಬಾಲಿಸಿದರು. ಶುರು ಮಾಡಿದಾಗ ಬರ್ಲಿನ್ ಗೋಡೆ ಆಗಷ್ಟೇ ಎದ್ದಿತ್ತು, ಮುಗಿಸುವ ಹೊತ್ತಿಗೆ ಅದು ಬಿದ್ದೇ ಹದಿನೆಂಟು ವರ್ಷ. ಗಡುವು ಹಾಕಿಕೊಂಡು ಹೋಗುವುದಕ್ಕೆ ಒಂದು ನ್ಯಾಯವಿದೆ: ಕಷ್ಟದ ವರ್ಷವೇ ಬೇಕೆಂದು ಆರಿಸಿಕೊಂಡ ದೋಷ ಬರುವುದಿಲ್ಲ. ಆದರೆ ಜೈಲಿಗೆ ಹೋಗಿ ಬರುವವನ, ಅಮಲಿನಲ್ಲಿ ಬದುಕುವವಳ ವರ್ಷ ಕ್ಯಾಲೆಂಡರ್ ನೋಡಿ ನಡೆಯುವುದಿಲ್ಲ. ಬರೀ ಗಡುವಿಗೆ ಹೋದರೆ ಘಟನೆ ತಪ್ಪುತ್ತದೆ. ಬರೀ ಘಟನೆಗೆ ಹೋದರೆ ಸಿನಿಮಾ ಆಸ್ಪತ್ರೆ, ಕೋರ್ಟು, ಅಳು ಇವುಗಳ ಸರಪಳಿಯಾಗುತ್ತದೆ, ಪಾತ್ರಕ್ಕೆ ಕಷ್ಟ ಬಿಟ್ಟರೆ ಬೇರೆ ಬದುಕೇ ಇಲ್ಲ ಎಂದು ಕಾಣುತ್ತದೆ. ಎರಡನ್ನೂ ಬೆರೆಸುವುದು ಒಳ್ಳೆಯದು. ವರ್ಷಕ್ಕೆ ಎರಡು ನಿಶ್ಚಿತ ಭೇಟಿ, ಏನೂ ನಡೆಯದಿದ್ದರೂ ಸರಿ. ಅದರ ಮೇಲೆ, ಫೋನ್ ಬಂದ ಕೂಡಲೇ ಹೊರಡಬಲ್ಲ ಒಂದು ಚಿಕ್ಕ ತಂಡ.

ಏನೂ ನಡೆಯದ ದಿನ ಚಿತ್ರಿಸುವುದೇ ಕಷ್ಟದ ಕೆಲಸ. ಆಲೂಗಡ್ಡೆ ಸುಲಿಯುವುದು, ಟ್ರಾಮ್ ಹತ್ತುವುದು, ಸಾಲಿನಲ್ಲಿ ನಿಲ್ಲುವುದು, ಟೀವಿ ನೋಡುತ್ತಾ ನಿದ್ದೆ ಹೋಗುವುದು. ಇವು ಇಲ್ಲದಿದ್ದರೆ ಎಡಿಟಿಂಗ್‌ನಲ್ಲಿ ಎರಡು ವರ್ಷಗಳನ್ನು ಜೋಡಿಸಲು ಅಂಟೇ ಇರುವುದಿಲ್ಲ. ಸಂದರ್ಶನ ಮುಗಿದ ಮೇಲೆ ಕೋಣೆಯ ಬರೀ ಸದ್ದನ್ನು ಮೂವತ್ತು ಸೆಕೆಂಡು, ಸಾಧ್ಯವಾದರೆ ಒಂದು ನಿಮಿಷ, ಹಿಡಿದಿಡಬೇಕು. ಫ್ರಿಜ್ಜಿನ ಗುಂಯ್‌ಗುಡುವಿಕೆ, ಸಿಮೆಂಟ್ ಫಲಕ ಜೋಡಿಸಿ ಕಟ್ಟಿದ ಆ ಪಾನೆಲಾಕ್ ಕಟ್ಟಡಗಳಲ್ಲಿ ಪಕ್ಕದ ಮನೆಯವರ ನೀರಿನ ಪೈಪಿನ ಸದ್ದು. ಅದೇ ಕೋಣೆಗೆ ಮತ್ತೆ ಹೋಗಬಹುದು ಅಂದುಕೊಳ್ಳುತ್ತೇವೆ. ಅಷ್ಟರಲ್ಲಿ ಅವರ ಮನೆ ಬದಲಾಗಿರುತ್ತದೆ.

1989ರ ಸುಮಾರಿಗೆ ತ್ರೆಶ್ಟೀಕೊವಾ ಜೈಲು ಸೇರಿದ ಹುಡುಗರ ಕುರಿತ ಸರಣಿಯೊಂದಕ್ಕೆ ಕೈಹಾಕಿದರು. ‘ನಿನ್ನ ಬಗ್ಗೆ ಏನಾದರೂ ಹೇಳು’ ಎಂಬುದು ಅದರ ಹೆಸರಿನ ಅರ್ಥ. ಅಲ್ಲಿ ಸಿಕ್ಕ ಹದಿನೇಳರ ಒಬ್ಬ ಹುಡುಗ ಮುಂದೆ ಸುಮಾರು ಇಪ್ಪತ್ತು ವರ್ಷ ಅವರ ಕ್ಯಾಮೆರಾದೆದುರು ಬಂದು ಹೋಗುತ್ತಿದ್ದ. ಅವನ ಹೆಸರಿನಲ್ಲೇ 2008ರಲ್ಲಿ ಬಂದ ‘ರೆನೇ’ ಆ ವರ್ಷದ ಯುರೋಪಿಯನ್ ಫಿಲ್ಮ್ ಪ್ರಶಸ್ತಿಯಲ್ಲಿ ಅತ್ಯುತ್ತಮ ಸಾಕ್ಷ್ಯಚಿತ್ರ ಎನಿಸಿಕೊಂಡಿತು. ಹುಡುಗ ಬುದ್ಧಿವಂತ, ಓದುವವನು, ಬರೆಯುವವನು. ಕುತ್ತಿಗೆಯ ಮೇಲೆ ತಪ್ಪು ಇಂಗ್ಲಿಷಿನಲ್ಲಿ ಇಡೀ ಮನುಷ್ಯಕುಲವನ್ನು ಬೈಯುವ ಹಚ್ಚೆ. ಬಿಡುಗಡೆ, ಕಳವು, ಮತ್ತೆ ಜೈಲು. ಹೊರಗೆ 1990ರ ಹೊಸವರ್ಷದ ದಿನ ಹಾವೆಲ್ ಸಾರಿದ ಕ್ಷಮಾದಾನದಿಂದ ಸುಮಾರು 23,000 ಕೈದಿಗಳು ಬಿಡುಗಡೆಯಾದ ಕಾಲ. ಸ್ವಾತಂತ್ರ್ಯ ಎಂಬ ಮಾತು ಪತ್ರಿಕೆ ತುಂಬ ಇದ್ದಾಗ ಅದೇ ಮಾತು ಈ ಹುಡುಗನ ಬಾಯಲ್ಲಿ ಬೇರೆ ಅರ್ಥ ಪಡೆಯುತ್ತದೆ.

ಜೈಲಿನಲ್ಲಿ ಚಿತ್ರೀಕರಣ ಎಂದರೆ ಕಾಗದಪತ್ರದ ಕೆಲಸವೇ ಹೆಚ್ಚು. ಒಳಗೆ ಹೋಗುವ ಪ್ರತಿ ಲೆನ್ಸು, ಬ್ಯಾಟರಿ, ಕೇಬಲ್ಲಿನ ಪಟ್ಟಿ ಮೊದಲೇ ಕೊಡಬೇಕು, ಬರುವಾಗ ಅದೇ ಪಟ್ಟಿ ಹಿಡಿದು ಎಣಿಸುತ್ತಾರೆ. ಸಿಗುವುದು ಒಂದೆರಡು ತಾಸು. ಕೈದಿಯನ್ನು ಬೇರೆ ಜೈಲಿಗೆ ಕಳಿಸಿದರೆ ಅನುಮತಿ ಮೊದಲಿಂದ ಶುರು. ಈ ಅಂತರಗಳನ್ನು ಅವರು ತುಂಬಿದ್ದು ಪತ್ರಗಳಿಂದ. ನಿರ್ದೇಶಕಿಗೂ ಹುಡುಗನಿಗೂ ನಡುವೆ ವರ್ಷಾನುಗಟ್ಟಲೆ ಓಡಾಡಿದ ಕಾಗದಗಳೇ ಚಿತ್ರದ ನಿರೂಪಣೆಯ ದನಿ. ಕ್ಯಾಮೆರಾ ಹೋಗದ ಕಡೆ ಹಾಳೆ ಪೆನ್ನು ಹೋಗುತ್ತದೆ. ಕಾಗದದಲ್ಲಿ ಮನುಷ್ಯ ಕ್ಯಾಮೆರಾ ಎದುರಿಗಿಂತ ಬೇರೆಯಾಗಿಯೇ ಇರುತ್ತಾನೆ. ವರ್ಷಗಳನ್ನು ಗುರುತಿಸಲು ಅವರು ಬಳಸಿದ್ದು ಟೀವಿ ವಾರ್ತೆ: ಅಧ್ಯಕ್ಷರ ಆಯ್ಕೆ, ದೇಶದ ವಿಭಜನೆ, ಹೊಸ ಸರ್ಕಾರಗಳು. ಚರಿತ್ರೆ ಪರದೆಯ ಮೇಲೆ ದಾಪುಗಾಲು ಹಾಕುತ್ತಿದ್ದರೆ ನೋಡುವವನು ಸರಳುಗಳ ಹಿಂದೆ ಇದ್ದಲ್ಲೇ ಇದ್ದಾನೆ.

ಕಾಲದ ಗುರುತಿಗೆ ಇದಕ್ಕಿಂತ ಚೆಂದದ ಉಪಾಯ 2012ರ ‘ಖಾಸಗಿ ಬ್ರಹ್ಮಾಂಡ’ದಲ್ಲಿದೆ. ಅವರ ಎಲ್ಲ ಕೆಲಸದಲ್ಲಿ ನನಗೆ ಹೆಚ್ಚು ಹತ್ತಿರ ಅನಿಸುವುದು ಇದೇ. 1974ರ ಸುಮಾರಿಗೆ, ಫಾಮು ಚಲನಚಿತ್ರ ಶಾಲೆಯಿಂದ ಹೊರಬರುವ ಹೊತ್ತಿನಲ್ಲಿ, ಅವರು ಗೆಳತಿಯೊಬ್ಬಳ ಬಸಿರು ಬಾಣಂತನವನ್ನು ಚಿತ್ರಿಸಿ ‘ಪವಾಡ’ ಎಂಬ ಕಿರುಚಿತ್ರ ಮಾಡಿದ್ದರು. ಆ ಸಂಸಾರದ ಜೊತೆ ನಂಟು ಬಿಡದೆ 37 ವರ್ಷ ಚಿತ್ರಿಸಿದ್ದು ಈ ಚಿತ್ರ. ಮನೆಯ ಯಜಮಾನನಿಗೆ ದಿನಚರಿ ಬರೆಯುವ ಅಭ್ಯಾಸ, ಹಾಗಾಗಿ ಕ್ಯಾಮೆರಾ ಇಲ್ಲದ ದಿನಗಳೂ ಉಳಿದುಕೊಂಡಿವೆ. ಕಾಲ ಸರಿದುದನ್ನು ತೋರಿಸಲು ಎರಡು ಎಳೆಗಳನ್ನು ಹೆಣೆದಿದ್ದಾರೆ. ಒಂದು ಬಾಹ್ಯಾಕಾಶ ಯಾನದ ಸುದ್ದಿ. ಇನ್ನೊಂದು ಕಾರೆಲ್ ಗಾಟ್ ಎಂಬ ಜನಪ್ರಿಯ ಗಾಯಕ. ಕಮ್ಯುನಿಸ್ಟರ ಕಾಲದಲ್ಲೂ ಆತ ಟೀವಿಯಲ್ಲಿ ಹಾಡುತ್ತಿದ್ದ, ಅವರು ಹೋದ ಮೇಲೂ ಹಾಡುತ್ತಿದ್ದ. ಎಲ್ಲವೂ ಬದಲಾಗುವಲ್ಲಿ ಬದಲಾಗದ ಒಂದನ್ನು ಹಿಡಿದರೆ ಬದಲಾದದ್ದರ ಅಳತೆ ಸಿಗುತ್ತದೆ. ಹೊಳೆಯಲ್ಲಿ ನೀರು ಎಷ್ಟು ಏರಿತೆಂದು ನೋಡಲು ನಡುವಿನ ಬಂಡೆಯನ್ನು ನೋಡುತ್ತೇವಲ್ಲ, ಹಾಗೆ.

ಅಮಲಿನ ಕಥೆಗೆ ಬರುವ ಮುಂಚೆ ಆ ದೇಶದ ಹಿನ್ನೆಲೆ ಗೊತ್ತಿರಬೇಕು. ಕಮ್ಯುನಿಸ್ಟ್ ಆಡಳಿತದಲ್ಲಿ ಗಡಿ ಮುಚ್ಚಿತ್ತು, ಹೆರಾಯಿನ್ ಸುಲಭವಾಗಿ ಬರುತ್ತಿರಲಿಲ್ಲ. ಹಾಗೆಂದು ಅಮಲು ಇರಲಿಲ್ಲವೆಂದಲ್ಲ. ಔಷಧಿ ಅಂಗಡಿಯ ಎಫೆಡ್ರಿನ್ ಇರುವ ಔಷಧಿಗಳಿಂದ ಅಡುಗೆಮನೆಗಳಲ್ಲೇ ಪರ್ವಿಟಿನ್ ಎಂಬ ಮೆಥಾಂಫೆಟಮಿನ್ ತಯಾರಾಗುತ್ತಿತ್ತು. ಸರ್ಕಾರ ಅದರ ಮಾತೆತ್ತುತ್ತಿರಲಿಲ್ಲ. ಮನೆ ಇಲ್ಲದವರೂ ಕಣ್ಣಿಗೆ ಬೀಳುತ್ತಿರಲಿಲ್ಲ, ಯಾಕೆಂದರೆ ಕೆಲಸವಿಲ್ಲದೆ ತಿರುಗುವುದೇ ‘ಪರಾವಲಂಬನೆ’ ಎಂಬ ಅಪರಾಧ, ಹಾಗೆ ಕಂಡವರನ್ನು ಜೈಲಿಗೆ ಹಾಕಬಹುದಿತ್ತು. 1990ರಲ್ಲಿ ಆ ಅಪರಾಧ ಕಾನೂನಿನಿಂದ ಹೋಯಿತು. ಪ್ರಾಗ್‌ನ ರೈಲು ನಿಲ್ದಾಣದಲ್ಲಿ ಮಲಗುವವರನ್ನು ಜನ ನೋಡಿ ‘ಹೊಸ ವ್ಯವಸ್ಥೆ ಇವರನ್ನು ಹುಟ್ಟಿಸಿತು’ ಎಂದರು. ಅರ್ಧ ನಿಜ. ಇನ್ನರ್ಧ, ಹಳೆಯ ವ್ಯವಸ್ಥೆ ಬಚ್ಚಿಟ್ಟಿದ್ದು ಬಯಲಿಗೆ ಬಂತು. ಈ ಎರಡನ್ನು ಬಿಡಿಸಿ ನೋಡದ ಸಾಕ್ಷ್ಯಚಿತ್ರ ಒಂದೋ ಹಳೆಯ ಕಾಲದ ಹಳಹಳಿಕೆಯಾಗುತ್ತದೆ, ಇಲ್ಲವೇ ಹೊಸ ಕಾಲದ ಜಾಹೀರಾತು.

‘ಕಾಟ್ಕಾ’ 2010ರ ಚಿತ್ರ. 1996ರಲ್ಲಿ ಸನಾನಿಮ್ ಎಂಬ ಸಂಸ್ಥೆಯ ಚಿಕಿತ್ಸಾ ಕೇಂದ್ರದಲ್ಲಿ ಹತ್ತೊಂಬತ್ತರ ಹುಡುಗಿಯೊಬ್ಬಳು, ಸಾಧಾರಣ ಬದುಕು ಬೇಕು ಎನ್ನುತ್ತಾಳೆ. ಮುಂದಿನ ಹದಿನಾಲ್ಕು ವರ್ಷ ಆಕೆಯ ಮುಖದ ಮೇಲೆ ಏನೇನು ಬರೆಯಿತು ಎಂಬುದೇ ಚಿತ್ರ. ನಡುವೆ ಬಸಿರಾಗುತ್ತಾಳೆ, ಹೆಣ್ಣು ಮಗು ಹುಟ್ಟುತ್ತದೆ, ಇಟ್ಟುಕೊಳ್ಳಲು ಆಗುವುದಿಲ್ಲ. ಬಸುರಿ ಹೆಂಗಸು ಸೂಜಿ ಚುಚ್ಚಿಕೊಳ್ಳುವಾಗ ಕ್ಯಾಮೆರಾ ಹಿಡಿದು ನಿಂತಿರುವುದು ಸರಿಯೇ ಎಂದು ನೋಡಿದವರು ಕೇಳುತ್ತಾರೆ. ಕೇಳಲೇಬೇಕಾದ ಪ್ರಶ್ನೆ. ಕ್ಯಾಮೆರಾ ಕೆಳಗಿಟ್ಟರೆ ಸೂಜಿ ನಿಲ್ಲುವುದಿಲ್ಲ ಎಂಬುದು ಒಂದು ಉತ್ತರ, ಅದೊಂದೇ ಸಾಲದು. ಈ ಕೆಲಸದಲ್ಲಿ ಇರುವವರು ತಮಗೆ ತಾವೇ ಮೊದಲೇ ಗೆರೆ ಎಳೆದುಕೊಳ್ಳಬೇಕು: ಯಾವ ಸ್ಥಿತಿಯಲ್ಲಿ ಶೂಟಿಂಗ್ ನಿಲ್ಲಿಸಿ ಆಂಬುಲೆನ್ಸ್ ಕರೆಯುತ್ತೇವೆ, ಯಾವ ವೈದ್ಯರ, ಯಾವ ಸಮಾಜ ಕಾರ್ಯಕರ್ತರ ನಂಬರು ಕಿಸೆಯಲ್ಲಿರುತ್ತದೆ, ಅಮಲಿನಲ್ಲಿದ್ದಾಗ ಕೊಟ್ಟ ಒಪ್ಪಿಗೆಯನ್ನು ಒಪ್ಪಿಗೆ ಎನ್ನುತ್ತೇವೆಯೇ. ಕೊನೆಯದಕ್ಕೆ ಇಲ್ಲ ಎಂಬುದೇ ಸರಿಯಾದ ಉತ್ತರ. ಒಪ್ಪಿಗೆ ಪತ್ರಕ್ಕೆ ಒಮ್ಮೆ ರುಜು ಹಾಕಿಸಿ ಹದಿನಾಲ್ಕು ವರ್ಷ ಎಳೆಯುವಂತಿಲ್ಲ. ಪ್ರತಿ ಸುತ್ತಿನಲ್ಲಿ, ಅಮಲು ಇಳಿದಾಗ, ಮತ್ತೆ ಕೇಳಬೇಕು. ಚಿತ್ರ ಸಿದ್ಧವಾದ ಮೇಲೆ ಬೇರೆ ಯಾರೂ ನೋಡುವ ಮುಂಚೆ ಅವರಿಗೆ ತೋರಿಸಬೇಕು. ಮಗು ಇದ್ದರೆ, ಅದು ಬೆಳೆದು ಒಂದು ದಿನ ಇದನ್ನು ನೋಡುತ್ತದೆ ಎಂಬುದು ಎಡಿಟಿಂಗ್ ಮೇಜಿನ ಮೇಲೆ ದಿನವೂ ಇರಬೇಕಾದ ಮಾತು.

ದುಡ್ಡಿನ ವಿಷಯವೂ ಇದರ ಪಕ್ಕದ್ದೇ. ಕ್ಯಾಮೆರಾ ಎದುರು ಕೂತಿದ್ದಕ್ಕೆ ನಗದು ಕೊಟ್ಟರೆ ಅಮಲಿನವರ ಕೈಯಲ್ಲಿ ಅದು ಎಲ್ಲಿಗೆ ಹೋಗುತ್ತದೆಂದು ಗೊತ್ತೇ ಇದೆ. ಏನೂ ಕೊಡದಿದ್ದರೆ ಬಡವರ ಬದುಕನ್ನು ಪುಕ್ಕಟೆ ತಿಂದಂತೆ. ಊಟ, ಪ್ರಯಾಣದ ಖರ್ಚು, ಕಳೆದುಹೋದ ಗುರುತಿನ ಚೀಟಿ ಮಾಡಿಸಲು ಜೊತೆಗೆ ಹೋಗುವುದು, ಇಂಥವು ನಗದಿಗಿಂತ ನೆಟ್ಟಗೆ ನಿಲ್ಲುತ್ತವೆ. 2015ರ ‘ಮ್ಯಾಲರಿ’ ನೋಡಿದವರಿಗೆ ಗುರುತಿನ ಚೀಟಿಯ ಮಹಿಮೆ ಗೊತ್ತು. ಮಗ ಹುಟ್ಟಿದ ಮೇಲೆ ಅಮಲು ಬಿಟ್ಟ ಹೆಂಗಸು, ಕಾರಿನಲ್ಲಿ ಮಲಗುತ್ತಾ ಕಚೇರಿಯಿಂದ ಕಚೇರಿಗೆ ಅಲೆಯುತ್ತಾಳೆ. ಇಲ್ಲಿ ಅಮಲಿಗಿಂತ ದೊಡ್ಡ ಗೋಡೆ ಕೌಂಟರಿನ ಗಾಜು. 2001ರಲ್ಲಿ ಖಾಸಗಿ ಸಾಲ ವಸೂಲಿ ಅಧಿಕಾರಿಗಳ ಪದ್ಧತಿ ಬಂದ ಮೇಲೆ ಚೆಕ್ ದೇಶದಲ್ಲಿ ಚಿಕ್ಕ ದಂಡ, ಕಟ್ಟದ ಬಿಲ್ಲು ಬೆಳೆದು ಬೆಟ್ಟವಾದವು. 2017ರ ಹೊತ್ತಿಗೆ ಒಂದು ಕೋಟಿ ಚಿಲ್ಲರೆ ಜನಸಂಖ್ಯೆಯಲ್ಲಿ ಎಂಟು ಲಕ್ಷಕ್ಕೂ ಹೆಚ್ಚು ಮಂದಿಯ ಮೇಲೆ ಜಪ್ತಿ ನಡೆಯುತ್ತಿತ್ತು. ಕೆಳಗೆ ಬಿದ್ದವರು ಮೇಲೆ ಏಳಲು ಯಾಕೆ ಆಗುವುದಿಲ್ಲ ಎಂಬುದಕ್ಕೆ ಮನಶ್ಶಾಸ್ತ್ರದ ಉತ್ತರಕ್ಕಿಂತ ಮುಂಚೆ ಈ ಅಂಕಿ ಬರಬೇಕು. ಮ್ಯಾಲರಿ ಕೊನೆಗೆ ತನ್ನಂಥವರಿಗೆ ನೆರವಾಗುವ ಕೆಲಸಕ್ಕೇ ಸೇರುತ್ತಾಳೆ. ಮೂರು ನಾಲ್ಕು ವರ್ಷಕ್ಕೆ ಚಿತ್ರ ಮುಗಿಸಿದ್ದರೆ ಅದು ಸೋತವಳ ಕಥೆಯಾಗುತ್ತಿತ್ತು. ಹದಿಮೂರು ವರ್ಷ ಕಾದದ್ದರಿಂದ ಸುಳ್ಳಾಗಲಿಲ್ಲ.

ಇಷ್ಟು ವರ್ಷ ಸಾಕಲು ಹಣ ಎಲ್ಲಿಂದ? ಹದಿನಾಲ್ಕು ವರ್ಷದ ಚಿತ್ರಕ್ಕೆ ಹದಿನಾಲ್ಕು ವರ್ಷದ ಬಜೆಟ್ ಯಾರೂ ಕೊಡುವುದಿಲ್ಲ. ತ್ರೆಶ್ಟೀಕೊವಾ ಅವರ ದೊಡ್ಡ ಚಿತ್ರಗಳ ಬೇರು ಹುಡುಕಿದರೆ ಹೆಚ್ಚಿನವು ಟೀವಿ ಸರಣಿಯ ಒಂದೊಂದು ಕಂತಿನಲ್ಲಿ ಸಿಗುತ್ತವೆ. 1989ರವರೆಗೆ ಸರ್ಕಾರಿ ಸ್ಟುಡಿಯೊ ಸಂಬಳ ಕೊಡುತ್ತಿತ್ತು. ಅದು ಕುಸಿದ ಮೇಲೆ ಸಾರ್ವಜನಿಕ ವಾಹಿನಿಯಾದ ಚೆಕ್ ಟೆಲಿವಿಷನ್‌ಗೆ ಚಿಕ್ಕ ಕಂತುಗಳನ್ನು ಮಾಡಿಕೊಟ್ಟು, ಆ ಹಣದಲ್ಲಿ ಮುಂದಿನ ಸುತ್ತು. ಕಂತು ಮುಗಿದರೂ ಮನುಷ್ಯರ ನಂಟು ಮುಗಿಸಲಿಲ್ಲ, ಅದೇ ಗುಟ್ಟು. 1994ರಲ್ಲಿ ‘ಮನುಷ್ಯ ಮತ್ತು ಕಾಲ’ ಎಂಬ ತಮ್ಮದೇ ಪ್ರತಿಷ್ಠಾನವನ್ನೂ ಕಟ್ಟಿದರು. ಇಂಥ ಕೆಲಸಕ್ಕೆ ಇಳಿಯುವವರು ಮೊದಲ ದಿನವೇ ಬರಹದಲ್ಲಿ ಇತ್ಯರ್ಥ ಮಾಡಿಕೊಳ್ಳಬೇಕಾದ್ದು: ಕಂತಿನಲ್ಲಿ ಬಳಸದೆ ಉಳಿದ ರಷಸ್, ಅಂದರೆ ಎಡಿಟ್ ಮಾಡದ ಮೂಲ ಚಿತ್ರಿಕೆ, ಯಾರದು? ಹತ್ತು ವರ್ಷದ ಮೇಲೆ ಅದನ್ನು ಬಳಸಲು ಯಾರ ಅಪ್ಪಣೆ ಬೇಕು? ಸಂಸ್ಥೆ ಮುಚ್ಚಿದರೆ, ಮಾರಾಟವಾದರೆ? 1990ರ ದಶಕದಲ್ಲಿ ಸರ್ಕಾರಿ ಸ್ಟುಡಿಯೊಗಳು ಕೈಬದಲಾದಾಗ ಇವು ಯಾವುವೂ ಕಾಲ್ಪನಿಕ ಪ್ರಶ್ನೆಗಳಾಗಿರಲಿಲ್ಲ.

ಲೆಕ್ಕ ಹೀಗೆ ಬೀಳುತ್ತದೆ. ವರ್ಷಕ್ಕೆ ನಾಲ್ಕು ದಿನದ ಚಿತ್ರೀಕರಣ, ದಿನಕ್ಕೆ ಎರಡು ಗಂಟೆಯ ಫುಟೇಜ್ ಎಂದರೂ ಹನ್ನೆರಡು ವರ್ಷಕ್ಕೆ 96 ಗಂಟೆ. ತೊಂಬತ್ತು ನಿಮಿಷದ ಸಿನಿಮಾಕ್ಕೆ ಸುಮಾರು ಅರವತ್ತಕ್ಕೊಂದು. ಮಿನಿ ಡೀವಿ ಟೇಪಿನಿಂದ ಇಳಿಸಿದರೆ ಗಂಟೆಗೆ 13 ಜೀಬಿಯಂತೆ ಸುಮಾರು 1,250 ಜೀಬಿ. ಸೆಕೆಂಡಿಗೆ 50 ಮೆಗಾಬಿಟ್‌ನ ಎಚ್‌ಡಿ ಆದರೆ ಗಂಟೆಗೆ 22.5 ಜೀಬಿ, ಒಟ್ಟು ಎರಡು ಟೀಬಿಗೂ ಮೇಲೆ. ಇವತ್ತಿಗೆ ಇದು ದೊಡ್ಡ ಗಾತ್ರವಲ್ಲ. ಕಷ್ಟ ಇರುವುದು ಉಳಿಸುವುದರಲ್ಲಿ. ಅಸಿಟೇಟ್ ಫಿಲ್ಮ್ ಸೆಖೆ ತೇವಕ್ಕೆ ಸಿಕ್ಕರೆ ವಿನೆಗರ್ ವಾಸನೆ ಹೊಡೆದು ಸುರುಟಿಕೊಳ್ಳುತ್ತದೆ. ಮಿನಿ ಡೀವಿ ಟೇಪಿನ ಮೇಲಿನ ಲೇಪ ಅಲ್ಲಲ್ಲಿ ಹೋಗಿ ಚಿತ್ರದಲ್ಲಿ ಚೌಕ ಚೌಕದ ತೂತು ಬೀಳುತ್ತದೆ, ಓದುವ ಯಂತ್ರಗಳೂ ಈಗ ಸಿಗುವುದು ಕಷ್ಟ. ಹಾರ್ಡ್ ಡಿಸ್ಕ್ ಕಪಾಟಿನಲ್ಲಿ ಇಟ್ಟಲ್ಲೇ ಸಾಯುತ್ತದೆ. ಮೂರು ಪ್ರತಿ, ಎರಡು ಬಗೆಯ ಮಾಧ್ಯಮದಲ್ಲಿ, ಒಂದು ಬೇರೆ ಕಟ್ಟಡದಲ್ಲಿ. ಐದಾರು ವರ್ಷಕ್ಕೊಮ್ಮೆ ಹೊಸದಕ್ಕೆ ನಕಲು.

ಪ್ರತಿ ಸುತ್ತು ಮುಗಿದ ವಾರದಲ್ಲೇ ಟೈಮ್‌ಕೋಡ್ (ಯಾವ ಮಾತು ಎಷ್ಟನೆಯ ಸೆಕೆಂಡಿನಲ್ಲಿ ಎಂಬ ಗುರುತು) ಹಾಕಿ ಮಾತುಗಳನ್ನು ಬರೆದಿಡಬೇಕು. ‘ಆಮೇಲೆ ಕೂತು ಬರೆದರಾಯಿತು’ ಎಂದು ಬಿಟ್ಟ 96 ಗಂಟೆಯನ್ನು ಯಾರೂ ಬರೆಯುವುದಿಲ್ಲ. ಯಾರ ಮನೆ, ಯಾರೆಲ್ಲ ಇದ್ದರು, ಹಿಂದೆ ಕಂಡ ಆ ಹುಡುಗ ಯಾರು, ಇವೆಲ್ಲ ಒಂದು ವರ್ಷದಲ್ಲೇ ಮರೆಯುತ್ತವೆ.

ಚೌಕಟ್ಟಿನ ಆಕಾರ ಇನ್ನೊಂದು ಬಿಕ್ಕಟ್ಟು. ಹಳೆಯದೆಲ್ಲ 4:3, ಹೊಸದು 16:9. ಹಳೆಯದನ್ನು ಹಿಗ್ಗಿಸಿ ಅಗಲ ಪರದೆಗೆ ತುಂಬಿದರೆ ಎತ್ತರದ ಕಾಲು ಭಾಗ ಹೋಗುತ್ತದೆ. 576 ಗೆರೆಗಳ ಹಳೆ ವಿಡಿಯೊದಲ್ಲಿ ಉಳಿಯುವುದು 432, ಮುಖದ ನೆತ್ತಿಯೋ ಮಡಿಲ ಮಗುವೋ ಕತ್ತರಿಸಿಹೋಗುತ್ತದೆ. ಎರಡು ಬದಿಗೆ ಕಪ್ಪು ಬಿಟ್ಟು ಇದ್ದ ಹಾಗೇ ತೋರಿಸುವುದೇ ಮೇಲು. ಕಣ್ಣಿಗೇ ಗೊತ್ತಾಗುತ್ತದೆ ಕಾಲ ಬದಲಾಯಿತೆಂದು, ಅಡಿಯಲ್ಲಿ ಇಸವಿ ಬರೆಯುವ ಅಗತ್ಯವೂ ಕೆಲವೊಮ್ಮೆ ಇರುವುದಿಲ್ಲ. ಕಣಕಣವಾದ ಕಪ್ಪುಬಿಳುಪು ಫಿಲ್ಮು, ಸೋರಿದ ಬಣ್ಣದ ತೊಂಬತ್ತರ ದಶಕದ ವಿಡಿಯೊ, ಚೂಪಾದ ಡಿಜಿಟಲ್, ಈ ಮೂರನ್ನು ಒಂದೇ ಬಣ್ಣಕ್ಕೆ ತರಲು ಹೋಗಬಾರದು.

ಇಷ್ಟೆಲ್ಲ ಸರಿಯಾಗಿದ್ದರೂ ಕೈ ಮೀರುವುದೊಂದಿದೆ. ಆರು ಜೋಡಿಗಳಲ್ಲಿ ಒಬ್ಬಾಕೆ ಮಾರ್ಸೆಲಾ. ಮದುವೆ ಮುರಿಯಿತು, ಬದುಕು ಒಂಟಿಯಾಗಿ ಸಾಗಿತು, ಆಮೇಲೆ ಮಗಳನ್ನು ಅಕಾಲದಲ್ಲಿ ಕಳೆದುಕೊಂಡಳು. 2006ರಲ್ಲಿ ‘ಇಪ್ಪತ್ತು ವರ್ಷಗಳ ನಂತರ’ ಸರಣಿಯಲ್ಲಿ ಆಕೆಯ ಕಂತು ಟೀವಿಯಲ್ಲಿ ಬಂದಾಗ ನೋಡಿದ ಜನ ಸುಮ್ಮನಿರಲಿಲ್ಲ. ಆಕೆಗೆ ನೆರವಾಗಬೇಕೆಂದು ಹಣ ಕೂಡಿಸಿದರು. ಆ ಪ್ರತಿಕ್ರಿಯೆಯೂ ಮರುವರ್ಷದ ‘ಮಾರ್ಸೆಲಾ’ ಚಿತ್ರದ ಭಾಗವಾಯಿತು. ಗಮನಿಸಬೇಕಾದ್ದು ಇದು: ಬದುಕು ನಡೆಯುತ್ತಿರುವಾಗಲೇ ಅದನ್ನು ಪ್ರಸಾರ ಮಾಡಿದರೆ ಪ್ರಸಾರವೂ ಬದುಕಿನ ಒಂದು ಘಟನೆಯಾಗುತ್ತದೆ. ಅಲ್ಲಿಂದ ಮುಂದೆ ಚಿತ್ರಿಸುತ್ತಿರುವುದು ಜನ ಗುರುತಿಸಿದ ಮಾರ್ಸೆಲಾಳನ್ನು, ಮೊದಲಿನ ಮಾರ್ಸೆಲಾಳನ್ನಲ್ಲ. ಇದನ್ನು ಮುಚ್ಚಿಟ್ಟು ಏನೂ ಆಗದವರಂತೆ ಮುಂದುವರಿಸಿದರೆ ಮೋಸ. ತ್ರೆಶ್ಟೀಕೊವಾ ಅದನ್ನು ಚಿತ್ರದೊಳಕ್ಕೇ ತಂದರು. ರೆನೇ ನಿರ್ದೇಶಕಿಯ ಮನೆಗೇ ಕನ್ನ ಹಾಕಿದ್ದನ್ನೂ ಅವರು ಚಿತ್ರದಲ್ಲಿ ಬಿಡಲಿಲ್ಲ. ಕ್ಯಾಮೆರಾ ಹಿಂದೆ ಇರುವವರು ಯಾವ ಬೆಲೆಯೂ ತೆರದೆ ಬರೀ ನೋಡುತ್ತಿದ್ದಾರೆ ಎಂಬ ನಟನೆ ಅಲ್ಲಿಗೆ ಮುಗಿಯಿತು.

ಮುಗಿಸುವುದು ಎಲ್ಲಿ? ಸಾವಿಗೆ ಕಾಯುವುದು ಅಸಹ್ಯ. ಗೆಲುವಿಗೆ ಕಾಯುವುದು ಸುಳ್ಳಿನ ಹತ್ತಿರ. ಕಾಟ್ಕಾಳ ಚಿತ್ರ ಯಾವುದೂ ತೀರ್ಮಾನವಾಗದೆ ನಿಲ್ಲುತ್ತದೆ, ಅದೇ ಸರಿ. ರೆನೇಯ ಕಥೆ 2008ರಲ್ಲಿ ಮುಗಿಯಿತು ಅಂದುಕೊಂಡರೆ 2021ರಲ್ಲಿ ಎರಡನೆಯ ಚಿತ್ರ ಬಂತು. ಅಷ್ಟರಲ್ಲಿ ಮೊದಲ ಚಿತ್ರ ತಂದ ಹೆಸರೇ ಅವನ ಬದುಕಿನೊಳಗೆ ಬಂದು ಕೂತಿತ್ತು. ಆರು ಜೋಡಿಗಳ ಮನೆಗೆ ಮೂವತ್ತೈದು ವರ್ಷದ ನಂತರ ಮೂರನೆಯ ಸುತ್ತೂ ಆಯಿತು. ನಡುವೆ 2007ರ ಜನವರಿಯಲ್ಲಿ ತ್ರೆಶ್ಟೀಕೊವಾ ದೇಶದ ಸಂಸ್ಕೃತಿ ಸಚಿವೆಯಾದರು, ತಿಂಗಳು ತುಂಬುವ ಮೊದಲೇ ರಾಜೀನಾಮೆ ಕೊಟ್ಟು ತಮ್ಮ ಸಿನಿಮಾಗಳಿಗೆ ಮರಳಿದರು.

ಹೊಸ ಡಬ್ಬಿಯ ಮೇಲೆ ಚೀಟಿ ಅಂಟಿಸುವಾಗ ಹೆಸರು, ಊರು, ಶುರುವಾದ ಇಸವಿ ಬರೆದು ಒಂದು ಅಡ್ಡಗೆರೆ ಎಳೆಯಿರಿ. ಗೆರೆಯ ಆಚೆ ಖಾಲಿ ಬಿಡಿ.